ಭತ್ತದ ಮಿಷನ್ ಬಂದ ಬೆಳಿಗ್ಗೆ

ಸಿನಿಮಾದಲ್ಲಿ ನಾನು ಮೊದಲು ನೋಡಲು ಕಲಿತದ್ದು ಕ್ಯಾಮೆರಾವನ್ನಲ್ಲ, ಬಾತ್‌ರೂಮನ್ನು. ಯಾವ ಊರಿಗೆ ಹೋಗಲಿ, ಎಂಥ ಚೆಂದದ ಮನೆ ಕಾಣಲಿ, ಡೈರೆಕ್ಟರು ಕಂಬದ ಕೆತ್ತನೆ ನೋಡಿ ಬೆರಗಾಗಿ ನಿಂತಿದ್ದರೆ ನಾನು ಹಿತ್ತಲಿಗೆ ಹೋಗಿ ಬಾಗಿಲಿಗೆ ಚಿಲಕ ಇದೆಯೇ, ನಲ್ಲಿಯಲ್ಲಿ ನೀರು ಬರುತ್ತದೆಯೇ ಎಂದು ನೋಡುತ್ತಿದ್ದೆ. ಚಿಲಕವಿಲ್ಲದ ಅರಮನೆಗಿಂತ ಚಿಲಕವಿರುವ ಹೆಂಚಿನ ಮನೆಯೇ ನನಗೆ ದೊಡ್ಡದು. ನಟಿಯರಿಗೆ ಬಟ್ಟೆ ಬದಲಾಯಿಸಲು ಜಾಗವಿಲ್ಲದಿದ್ದರೆ ಬೆಳಗಿನ ಶಾಟು ಮಧ್ಯಾಹ್ನಕ್ಕೂ ಆಗುವುದಿಲ್ಲ. ಇದು ಪರದೆಯ ಮುಂದೆ ಕೂತು ಚಪ್ಪಾಳೆ ಹೊಡೆಯುವವರಿಗೆ ತಿಳಿಯುವ ವಿಷಯವಲ್ಲ, ತಿಳಿಯಬೇಕಾಗಿಯೂ ಇಲ್ಲ.

ನಾನು ಹುಣಸೂರಿನವಳು. ಡಿಗ್ರಿ ಮುಗಿಸಿದ ಮೇಲೆ ಊರಿನದೇ ಒಂದು ಕಲ್ಯಾಣ ಮಂಟಪದ ಆಫೀಸಿನಲ್ಲಿ ಕೆಲಸಕ್ಕೆ ಸೇರಿದೆ. ಬುಕಿಂಗ್ ಬರೆದುಕೊಳ್ಳುವುದಷ್ಟೇ ನನ್ನ ಕೆಲಸ ಎಂದಿದ್ದರು. ಒಂದು ಲಗ್ನದ ಸೀಸನ್ ಕಳೆಯುವಷ್ಟರಲ್ಲಿ ಅಡುಗೆ ಭಟ್ಟರನ್ನು ಸಮಾಧಾನ ಮಾಡುವುದು, ಜನರೇಟರಿಗೆ ಡೀಸೆಲ್ ತರಿಸುವುದು, ಬೀಗರ ಕೋಪ ಇಳಿಸುವುದು ಎಲ್ಲವೂ ನನ್ನ ತಲೆಗೇ ಬಂದಿತ್ತು. ಗಂಡಿನ ಕಡೆಯವರಿಗೆ ಬಿಸಿನೀರು ತಡವಾದರೆ ಏನಾಗುತ್ತದೆ ಎಂದು ಕಣ್ಣಾರೆ ಕಂಡವಳಿಗೆ ಆಮೇಲೆ ಯಾವ ಹೀರೋನ ಕೋಪವೂ ಹೆದರಿಕೆ ಹುಟ್ಟಿಸಲಿಲ್ಲ.

ಒಂದು ಸಲ ಸಿನಿಮಾದವರು ಬಂದು ಮಂಟಪದ ರೂಮುಗಳನ್ನು ಬಾಡಿಗೆಗೆ ಹಿಡಿದರು. ಸುತ್ತಮುತ್ತಲ ಹಳ್ಳಿಗಳಲ್ಲಿ ಅವರಿಗೆ ಶೂಟಿಂಗ್ ಇತ್ತು. ಬಂದ ಮಾರನೆಯ ದಿನವೇ ಅವರ ಮ್ಯಾನೇಜರು ಯಾರೊಂದಿಗೋ ಜಗಳವಾಡಿ ಬೆಂಗಳೂರಿನ ಬಸ್ಸು ಹತ್ತಿಬಿಟ್ಟ. ಬೆಳಿಗ್ಗೆ ಇಡೀ ಯೂನಿಟ್ಟು ಅಂಗಳದಲ್ಲಿ ನಿಂತು ತಿಂಡಿಗೆ ಬಾಯಿ ಬಾಯಿ ಬಿಡುತ್ತಿತ್ತು. ನನಗೆ ಹಸಿದವರನ್ನು ನೋಡಿದರೆ ಮೊದಲು ಕನಿಕರ ಬರುವುದಿಲ್ಲ, ಸಿಟ್ಟು ಬರುತ್ತದೆ. "ಇಷ್ಟು ಜನ ಇದ್ದೀರಲ್ಲ, ಒಬ್ಬರಿಗೂ ಒಂದು ಫೋನ್ ಮಾಡೋಕೆ ಬರಲ್ವಾ?" ಎಂದು ಬೈದು, ನಮ್ಮ ಭಟ್ಟರಿಂದ ಚಿತ್ರಾನ್ನ ಮಾಡಿಸಿ ಬಡಿಸಿದೆ. ಬೈಸಿಕೊಂಡವರಲ್ಲಿ ಡೈರೆಕ್ಟರೂ ಒಬ್ಬರು ಎಂದು ಆಮೇಲೆ ಗೊತ್ತಾಯಿತು. ಮುಂದಿನ ವಾರ ಎಚ್.ಡಿ. ಕೋಟೆ ಕಡೆ ಶೂಟಿಂಗಿದೆ, ನೀವೇ ಬಂದು ನೋಡಿಕೊಳ್ಳಿ ಎಂದರು. ಅಪ್ಪನನ್ನು ಕೇಳಿದಾಗ, "ಇಲ್ಲಿ ಮಾಡೋದ್ನೇ ಅಲ್ಲಿ ಮಾಡ್ತೀಯ. ಮೂರ್ತ ಇಲ್ಲ ಅನ್ನೋದ್ ಬುಟ್ರೆ ಅದೂ ಮದ್ವೆನೇ. ಓಗು," ಅಂದರು. ಹೋದವಳು ಹೋದೆ.

ಆಮೇಲಿನ ವರ್ಷಗಳೆಲ್ಲ ವ್ಯಾನಿನ ಮುಂದಿನ ಸೀಟಿನಲ್ಲೇ ಕಳೆದವು. ಮೊದಲು ಅಸಿಸ್ಟೆಂಟು, ಆಮೇಲೆ ಪ್ರೊಡಕ್ಷನ್ ಮ್ಯಾನೇಜರು. ಮೈಸೂರು ಸೀಮೆಯಲ್ಲಿ ಹಳ್ಳಿ ಬೇಕು, ಕೆರೆ ಬೇಕು, ಕಾಡಿನಂಚು ಬೇಕು ಎಂದರೆ ನನ್ನ ನಂಬರ್ ಕೊಡುವುದು ರೂಢಿಯಾಯಿತು. ಒಮ್ಮೆ ಕಾಕನಕೋಟೆ ಕಡೆಯ ರಸ್ತೆಯಲ್ಲಿ ಬೆಳಕು ಇಳಿಯುತ್ತಿತ್ತು. ಹೊರಡೋಣ ಎಂದು ನಾನು ಗೋಗರೆಯುತ್ತಿದ್ದರೆ ಡೈರೆಕ್ಟರು, "ಇನ್ನೊಂದೇ ಶಾಟ್, ಈ ಬೆಳಕು ಮತ್ತೆ ಸಿಗಲ್ಲ," ಎನ್ನುತ್ತಿದ್ದರು. ಪಕ್ಕದಲ್ಲಿದ್ದ ಫಾರೆಸ್ಟ್ ಗಾರ್ಡು ತಣ್ಣಗೆ, "ಆನೆಗೂ ಇದೇ ಬೆಳಕೇ ಇಷ್ಟ ಕಣ್ ಸಾರ್," ಅಂದ. ಅಷ್ಟು ಬೇಗ ಟ್ರೈಪಾಡ್ ಮಡಚಿದ ಯೂನಿಟ್ಟನ್ನು ನಾನು ಮತ್ತೆಂದೂ ಕಂಡಿಲ್ಲ.

ಡೈರೆಕ್ಷನ್ನಿನ ಹುಚ್ಚು ನನಗೆ ಹತ್ತಿದ್ದು ಪಿರಿಯಾಪಟ್ಟಣದ ಹತ್ತಿರದ ಹೊಗೆಸೊಪ್ಪು ಬೇಯಿಸಿ ಒಣಗಿಸುವ ಒಂದು ಬ್ಯಾರನ್ನಿನ ಮುಂದೆ. ಅಪ್ಪ ಮಗ ಬ್ಯಾರನ್ನಿನೊಳಗೆ ನಿಂತು ಜಗಳವಾಡುವ ದೃಶ್ಯ ಅದು. ಆದರೆ ಒಳಗೆ ಸೊಪ್ಪು ಬೇಯುತ್ತಿತ್ತು, ಯಜಮಾನ ಬಾಗಿಲು ತೆಗೆಯಲು ಸುತರಾಂ ಒಪ್ಪಲಿಲ್ಲ. ಕಾವು ಆಚೆ ಹೋದರೆ ಅವನ ವರ್ಷದ ಬೆಳೆಯೇ ಕೆಡುತ್ತದೆ. ಡೈರೆಕ್ಟರು ತಲೆಯ ಮೇಲೆ ಕೈಹೊತ್ತು ಕೂತಾಗ ನಾನು ಮಜ್ಜಿಗೆ ಕೊಡುವ ನೆಪದಲ್ಲಿ ಹತ್ತಿರ ಹೋಗಿ, "ಬಾಗಿಲು ಮುಚ್ಚೇ ಇರಲಿ ಸರ್. ಅಪ್ಪ ಹೊರಗೆ ಒಲೆಗೆ ಸೌದೆ ಹಾಕ್ತಾ ಇರಲಿ. ಮಗನಿಗೆ ಬೆನ್ನು ಮಾತ್ರ ಕಾಣಲಿ," ಅಂದೆ. ಅವರು ಹಾಗೇ ತೆಗೆದರು. ಸಿನಿಮಾ ಬಂದಾಗ ನೋಡಿದವರೆಲ್ಲ ಆ ಬೆನ್ನಿನ ಬಗ್ಗೆಯೇ ಮಾತಾಡಿದರು. ಹುಣಸೂರಿನ ಟಾಕೀಸಿನಲ್ಲಿ ಕೂತು ನೋಡುವಾಗ, ಆ ಬೆನ್ನು ನನ್ನದು ಎಂದು ಎದ್ದು ನಿಂತು ಕೂಗಬೇಕೆನ್ನಿಸಿತು. ಸಂತೋಷವೂ ಆಗಿತ್ತು, ಹೊಟ್ಟೆಕಿಚ್ಚೂ ಆಗಿತ್ತು. ಯಾವುದು ಹೆಚ್ಚು ಎಂದು ಕೇಳಿದರೆ ಹೊಟ್ಟೆಕಿಚ್ಚೇ.

ಸರಿ, ನಾನೂ ಒಂದು ಕತೆ ಬರೆದೆ. ಬರೆದದ್ದನ್ನು ಹೇಳಿಕೊಂಡಾಗ ಯೂನಿಟ್ಟಿನವರು ನಕ್ಕರು. ಪ್ರೊಡಕ್ಷನ್‌ನವಳು ಡೈರೆಕ್ಷನ್ ಮಾಡುವುದು ಎಂದರೆ ಅಡುಗೆಯವನೇ ಎದ್ದು ಬಂದು ತಾಳಿ ಕಟ್ಟಿದ ಹಾಗೆ ಎಂದ ಒಬ್ಬ ಅಸೋಸಿಯೇಟ್ ಡೈರೆಕ್ಟರು. ಅವನಿಗೆ ಆ ದಿನ ಪಾಯಸ ಹಾಕಲಿಲ್ಲ.

ಕತೆ ನನ್ನ ಅಕ್ಕನ ಮನೆಯದು. ಅಕ್ಕನನ್ನು ಕೆ.ಆರ್. ನಗರದ ಹತ್ತಿರದ ಒಂದು ಹಳ್ಳಿಗೆ ಕೊಟ್ಟಿದ್ದಾರೆ. ನಾಲೆಯ ನೀರು, ಭತ್ತದ ಗದ್ದೆ, ಮನೆ ಮುಂದೆ ಎಮ್ಮೆ, ಯಾವುದಕ್ಕೂ ಕೊರತೆಯಿಲ್ಲ. ಭಾವನೂ ಅವರ ತಮ್ಮನೂ ಭಾಗವಾದರು. ಗದ್ದೆ ಹಂಚಿಕೊಳ್ಳುವಾಗ ಒಂದು ಮಾತೂ ಬರಲಿಲ್ಲ. ಬಂದದ್ದು ಅಡುಗೆಮನೆ ಹಂಚುವಾಗ, ಹಿಟ್ಟು ತಿರುವುವ ಕೋಲಿನ ಮೇಲೆ. ಅಕ್ಕನ ಮಾವ ಕೆತ್ತಿ ಮಾಡಿದ ಹಳೆಯ ಕೋಲು ಅದು. ಅದರಲ್ಲಿ ತಿರುವಿದರೆ ಮುದ್ದೆಯಲ್ಲಿ ಗಂಟೇ ಬರುವುದಿಲ್ಲ ಎಂದು ಇಬ್ಬರು ಸೊಸೆಯರಿಗೂ ನಂಬಿಕೆ. ನಂಗೆ ನಂಗೆ ಎಂದು ಎಳೆದಾಡಿ, ಕೊನೆಗೆ ಕೋಲು ಅಕ್ಕನ ಪಾಲಿಗೆ ಬಂತು, ಮಾತು ನಿಂತಿತು. ಅಕ್ಕ ಮತ್ತು ಅವಳ ವಾರಗಿತ್ತಿ, ಅಂದರೆ ಭಾವನ ತಮ್ಮನ ಹೆಂಡತಿ, ಒಂದೇ ಗೋಡೆಯ ಆಚೆ ಈಚೆ ಇದ್ದುಕೊಂಡು ಒಬ್ಬರ ಮುಖ ಒಬ್ಬರು ನೋಡುವುದನ್ನು ಬಿಟ್ಟರು. ಹೇಳಲೇಬೇಕಾದದ್ದು ಇದ್ದರೆ ಎಮ್ಮೆಗೆ ಹೇಳುತ್ತಿದ್ದರು. "ನೋಡವ್ವಾ, ಕೆಲವ್ರ ಮನೆ ಕೋಳಿ ನಮ್ ಕಣಕ್ಕೇ ಬತ್ತವೆ," ಎಂದು ಅಕ್ಕ ಎಮ್ಮೆಯ ಕಿವಿಯಲ್ಲಿ ಕೂಗಿದರೆ ಗೋಡೆಯಾಚೆ ಉತ್ತರ ಇನ್ನೊಂದು ಎಮ್ಮೆಗೆ ಹೋಗುತ್ತಿತ್ತು. ಎಮ್ಮೆಗಳು ಮಾತ್ರ ಚೆನ್ನಾಗಿಯೇ ಇದ್ದವು.

ನಿನ್ನ ಕತೆ ಬರೆಯುತ್ತಿದ್ದೇನೆ ಎಂದು ಅಕ್ಕನಿಗೆ ಮೊದಲೇ ಹೇಳಿದ್ದೆ. "ಬರ್ಕೊ ಕಣಮ್ಮಿ. ಆದ್ರೆ ನನ್ನ ಒಸಿ ತೆಳ್ಳುಗ್ ತೋರ್ಸು," ಅಂದಿದ್ದಳು.

ಕತೆ ಕೇಳಿದವರು ಒಬ್ಬ ನಿರ್ಮಾಪಕರು. ಅವರ ಸಿನಿಮಾಗಳಿಗೆ ನಾನೇ ಮ್ಯಾನೇಜರ್ ಆಗಿದ್ದೆ. ಒಳ್ಳೆಯ ಮನುಷ್ಯ, ಆದರೆ ಯಾವುದನ್ನು ಕೇಳಿದರೂ ಅಡ್ಡಗೋಡೆಯ ಮೇಲೆ ದೀಪ ಇಟ್ಟಂತೆ ಮಾತಾಡುತ್ತಾರೆ. ನಾನು ಬೆನ್ನು ಬಿಡದೆ ಕೇಳಿ ಕೇಳಿ, ಒಂದು ದಿನ ಅವರಿಗೇ ಸಾಕಾಗಿ ಹೋಯಿತು.

"ಒಂದು ದಿನ ಕೊಡ್ತೀನಿ. ಕ್ಯಾಮೆರಾ ಕೊಡ್ತೀನಿ. ಒಂದೇ ಒಂದು ದೃಶ್ಯ ತೆಗೆದು ತೋರಿಸು, ನಾನೇ ಬಂದು ಕೂತು ನೋಡ್ತೀನಿ. ಮನಸ್ಸಿಗೆ ಬಂದ್ರೆ ಸಿನಿಮಾ ನಿನ್ನದು. ಬರಲಿಲ್ಲ ಅಂದ್ರೆ ಸುಮ್ಮನೆ ಬಂದು ನನ್ನ ಮುಂದಿನ ಸಿನಿಮಾದ ಪ್ರೊಡಕ್ಷನ್ ನೋಡ್ಕೋ. ಆಮೇಲೆ ಡೈರೆಕ್ಷನ್ ಮಾತು ಎತ್ತಬಾರದು, ಆಯ್ತಾ?"

ಆಯ್ತು ಎಂದೆ. ಮನಸ್ಸಿನಲ್ಲಿ ಮಾತ್ರ, ಎತ್ತದೆ ಬಿಟ್ಟೇನೆಯೇ ಎಂದುಕೊಂಡೆ. ಆದರೆ ಈ ಮನುಷ್ಯ ಇಲ್ಲ ಎಂದರೆ ಇನ್ನು ಯಾರೂ ನನ್ನನ್ನು ಒಳಗೆ ಬಿಟ್ಟುಕೊಳ್ಳುವುದಿಲ್ಲ ಎಂಬುದು ನನಗೆ ಚೆನ್ನಾಗಿ ಗೊತ್ತಿತ್ತು.

ನಾನು ಆರಿಸಿಕೊಂಡ ದೃಶ್ಯ ಇಷ್ಟು. ಮಾತು ಬಿಟ್ಟ ಇಬ್ಬರು ವಾರಗಿತ್ತಿಯರು ಒಂದು ಮಧ್ಯಾಹ್ನ ಗದ್ದೆಯ ಎರಡು ಬದುಗಳ ಮೇಲೆ ಕೂತಿದ್ದಾರೆ. ನಡುವೆ ಬಲಿತ ಭತ್ತ. ಒಬ್ಬಳು ಇರುವುದು ಇನ್ನೊಬ್ಬಳಿಗೆ ಕಾಣುವುದಿಲ್ಲ. ಒಬ್ಬಳು ಬಿಕ್ಕುವುದು ಇನ್ನೊಬ್ಬಳಿಗೆ ಕೇಳಿಸುತ್ತದೆ. ಅಷ್ಟೇ. ಪೂರ್ತಿ ದೃಶ್ಯ ನಿಂತಿದ್ದದ್ದು ಆ ಭತ್ತದ ಮೇಲೆ. ಜಾಗ ಭಾವನ ಗದ್ದೆ. ನಟಿಯರು ಮೈಸೂರಿನ ನಾಟಕದವರು, ಒಬ್ಬರು ಹಿರಿಯರು, ಒಬ್ಬಾಕೆ ಕಿರಿಯಳು.

ಭಾವನಿಗೂ ನನಗೂ ಮೊದಲಿಂದ ಚೇಷ್ಟೆ. ಮನೆಗೆ ಹೋದಾಗಲೆಲ್ಲ, "ಏನವ್ವಾ, ಈ ಸಲ ಯಾವ ಈರೋಗೆ ಉಪ್ಪಿಟ್ಟು ಬಡುಸ್ದೆ?" ಎಂದು ಶುರುಮಾಡುತ್ತಾರೆ. "ನಿಮ್ಗೆ ಬಡ್ಸೋದ್ಕಿಂತ ಸಲೀಸು ಭಾವ. ಅವ್ರು ಮೂರ್ನೇ ಸಲ ಕೇಳಲ್ಲ," ಎನ್ನುತ್ತೇನೆ ನಾನು. ಆದರೆ ಈ ಸಲ ವಿಷಯ ಹೇಳಿದಾಗ ಅವರು ಗಂಭೀರವಾಗಿ ಕೇಳಿದರು. ಆ ದಿನ ಕಳೆಯುವವರೆಗೆ ಗದ್ದೆಗೆ ಕೈ ಹಾಕುವುದಿಲ್ಲ ಎಂದು ಎಮ್ಮೆಯ ಮೇಲೆ ಆಣೆಯಿಟ್ಟರು. ಊರಿಗೆಲ್ಲ, "ನಮ್ ನಾದ್ನಿ ಡೈರೆಕ್ಟ್ರು," ಎಂದು ಸಾರಿಕೊಂಡೂ ಬಂದರು. ಡೈರೆಕ್ಟರಿಗೆ ಪ್ರೊಡಕ್ಷನ್ ನೋಡಿಕೊಳ್ಳಲು ಆಳು ಬೇಕಲ್ಲ, ಆ ಒಂದು ದಿನಕ್ಕೆ ತಾವೇ ಮ್ಯಾನೇಜರ್ ಆಗುತ್ತೇನೆಂದೂ ಹೇಳಿದರು.

ಆ ಬೆಳಿಗ್ಗೆ ಕೆ.ಆರ್. ನಗರದ ಲಾಡ್ಜಿನಿಂದ ಯೂನಿಟ್ಟನ್ನು ಹೊರಡಿಸಿಕೊಂಡು ನಾಲೆಯ ಏರಿಗೆ ಬಂದೆ. ಮಂಜು ಇನ್ನೂ ಪೂರ್ತಿ ಎದ್ದಿರಲಿಲ್ಲ. ವ್ಯಾನು ತಿರುವು ತೆಗೆದುಕೊಂಡಿತು, ಗದ್ದೆ ಬಯಲು ಕಾಣಬೇಕಿತ್ತು. ಬಯಲು ಕಂಡಿತು. ಭತ್ತ ಇರಲಿಲ್ಲ.

ನಾಲೆಯಿಂದ ಊರಿನ ತನಕ ಒಂದು ತೆನೆ ಇಲ್ಲದಂತೆ ಬೋಳಿಸಿ ಮಲಗಿಸಿದ್ದರು. ಕೂಳೆ ಮಾತ್ರ ಉಳಿದಿತ್ತು, ನಡುನಡುವೆ ಸಾಲಾಗಿ ಹುಲ್ಲು ಬಿದ್ದಿತ್ತು. ದೂರದಲ್ಲಿ ಕೊಯ್ಲಿನ ಮಿಷನ್ ಬೇರೆ ಯಾರದೋ ಗದ್ದೆಯಲ್ಲಿ ಗುರ್ ಎನ್ನುತ್ತಿತ್ತು. ಭಾವ ಹೆಗಲ ಮೇಲೆ ಹೊಸ ಟವೆಲ್ ಹಾಕಿಕೊಂಡು ತಮ್ಮ ಗದ್ದೆಯ ನಡುವೆ ನಿಂತು, ಬನ್ನಿ ಬನ್ನಿ ಎಂದು ಕೈ ಬೀಸುತ್ತಿದ್ದರು. ಮುಖದಲ್ಲಿ ಅಂಜಿಕೆ ಎಂಬುದೇ ಇಲ್ಲ.

ನಾನು ವ್ಯಾನಿನಿಂದ ಇಳಿದದ್ದಲ್ಲ, ಬಿದ್ದದ್ದು. "ಭಾವ! ಗದ್ದೆ ಎಲ್ಲಿ?"

"ಮಿಸೀನ್ ಬಂತು ಕಣವ್ವ. ನಾಡಿದ್ದು ಬತ್ತೀವಿ ಅಂದಿದ್ರು, ಆ ಕಡೆ ಊರಲ್ಲಿ ಗದ್ದೆ ತ್ಯಾವ ಅಂತ ಇತ್ತಾಗೇ ತಿರುಗ್ಸ್‌ಬುಟ್ಟವ್ರೆ. ಎಲ್ಲಾರ್ದೂ ಕುಯ್ದಾದ್ಮೇಲೆ ನಂದೊಂದ್ ಬುಟ್ಟೋದ್ರೆ ಆಮೇಲೆ ಯಾರ್ ಬತ್ತಾರೆ? ಗಾಳಿ ಬಂದಾಗ ತೂರ್ಕೋಬೇಕು. ಸಿನ್ಮಾ ನಾಳೆನೂ ಬತ್ತದೆ, ಮಿಸೀನ್ ಬತ್ತದಾ?"

"ಆಣೆ ಇಟ್ಟಿದ್ರಲ್ಲ!"

"ಅದ್ಕೇ ಕಣವ್ವ, ನಿಂಗೆ ಅಂತ ಬುಟ್ಟಿವ್ನಿ ನೋಡು," ಎಂದು ಪಕ್ಕಕ್ಕೆ ಸರಿದರು.

ಅವರ ಹಿಂದೆ, ಇಡೀ ಬಯಲಿನಲ್ಲಿ, ಒಂದು ಮಂಚದಷ್ಟು ಅಗಲಕ್ಕೆ ಭತ್ತ ನಿಂತಿತ್ತು. ಮಿಷನ್ನಿನವನನ್ನು ಕಾಡಿ ಬೇಡಿ, ಸುತ್ತ ಬಳಸಿ ಹೋಗುವಂತೆ ಮಾಡಿ ಉಳಿಸಿದ್ದರಂತೆ. "ಟೀವೀಲಿ ಇಷ್ಟೇ ತಾನೆ ಕಾಣದು? ಬೇಕಾದ್ರೆ ಅಳ್ದು ನೋಡು," ಎಂದರು. ಕ್ಯಾಮೆರಾಮನ್ ನಗು ತಡೆಯಲಾಗದೆ ವ್ಯಾನಿನ ಹಿಂದಕ್ಕೆ ಹೋದ. ನನಗೆ ಭಾವನನ್ನು ಕೊಂದೇಬಿಡುವಷ್ಟು ಕೋಪ ಬಂದಿತ್ತು. ಅಕ್ಕನ ಮುಖ ನೋಡಿ ಬಿಟ್ಟೆ.

ಹಳೆಯ ಕಸುಬು ಕೈಬಿಡಲಿಲ್ಲ. ಬದುವಿನ ಮೇಲೆ ಕೂತು ಫೋನ್ ಹಿಡಿದೆ. ಗೊತ್ತಿದ್ದವರಿಗೆಲ್ಲ ಕರೆ ಮಾಡಿದೆ. ಚುಂಚನಕಟ್ಟೆ ಕಡೆ ಕುಯ್ದಾಗಿತ್ತು. ನಾಲೆಯ ಕೊನೆಯ ಊರುಗಳಲ್ಲಿ ಇನ್ನೂ ಹಸಿರು. ಹುಣಸೂರು ರಸ್ತೆಯಲ್ಲಿ ಒಬ್ಬರು ಗದ್ದೆ ಇದೆ ಎಂದರು, ವಿಚಾರಿಸಿದರೆ ಅದು ರಾಗಿ. ನಿರ್ಮಾಪಕರು ಮೈಸೂರಿನಿಂದ ಆಗಲೇ ಹೊರಟಾಗಿತ್ತು. "ಇನ್ನೊಂದು ದಿನ ಇಟ್ಕೊಳ್ಳೋಣ ಬಿಡಿ ಮೇಡಂ," ಎಂದ ಕ್ಯಾಮೆರಾಮನ್. ಇನ್ನೊಂದು ದಿನ ನನ್ನ ಹತ್ತಿರ ಇರಲಿಲ್ಲ. ಇದ್ದದ್ದು ಇದೊಂದೇ. ಫೋನನ್ನು ಸೆರಗಿನೊಳಗೆ ಹಾಕಿ ಸುಮ್ಮನೆ ಬಯಲು ನೋಡುತ್ತಾ ಕೂತೆ. ಇಷ್ಟು ವರ್ಷದ ಕೆಲಸದಲ್ಲಿ ಒಂದು ಜಾಗವನ್ನು ಹಾಗೆ ಏನೂ ಲೆಕ್ಕ ಹಾಕದೆ ನೋಡಿದ್ದು ಅದೇ ಮೊದಲು.

ಬಯಲಿನಲ್ಲಿ ಹೆಂಗಸರು ದನಕ್ಕೆ ಹುಲ್ಲು ಒಟ್ಟುತ್ತಿದ್ದರು. ಅಕ್ಕ ತನ್ನ ಪಾಲಿನ ಗದ್ದೆಯಲ್ಲಿ ಹುಲ್ಲನ್ನು ಹಗ್ಗದ ಮೇಲೆ ಪೇರಿಸಿ, ಮೊಣಕಾಲು ಊರಿ ಬಿಗಿದು ಹೊರೆ ಕಟ್ಟಿದಳು. ಪಕ್ಕದ ಗದ್ದೆಯಲ್ಲಿ ಅವಳ ವಾರಗಿತ್ತಿಯೂ ಅದನ್ನೇ ಮಾಡುತ್ತಿದ್ದಳು. ಮೊದಲು ಅವರಿಬ್ಬರ ನಡುವೆ ಭತ್ತ ಇರುತ್ತಿತ್ತು. ಈಗ ಒಂದು ಗೇಣಿನ ಬದು ಬಿಟ್ಟರೆ ಏನೂ ಇಲ್ಲ. ಒಬ್ಬರ ಕಣ್ಣಿಗೆ ಒಬ್ಬರು ಬೀಳದೆ ಇರಲು ಪಾಪ, ಇಬ್ಬರೂ ಕತ್ತು ನೋಯುವಂತೆ ಬೇರೆ ಬೇರೆ ದಿಕ್ಕು ನೋಡುತ್ತಿದ್ದರು.

ಹೊರೆ ಕಟ್ಟುವುದು ಒಬ್ಬರಿಂದ ಆಗುತ್ತದೆ. ಎತ್ತಿ ತಲೆಯ ಮೇಲೆ ಇಟ್ಟುಕೊಳ್ಳುವುದು ಆಗುವುದಿಲ್ಲ. ಅಕ್ಕ ಹೊರೆಯನ್ನು ಮಂಡಿಯ ತನಕ ತಂದು, ಆಕಾಶದ ಕಡೆ ಮುಖ ಮಾಡಿ, "ಯಾರಾರ ಒಸಿ ಕೈ ಆಕ್ರಪ್ಪಾ," ಎಂದು ಕೂಗಿದಳು. ಹತ್ತಿರದಲ್ಲಿ ವಾರಗಿತ್ತಿಯ ಹೊರತು ಯಾರೂ ಇರಲಿಲ್ಲ. ಆಕೆ ಕೈಯಲ್ಲಿದ್ದ ಹುಲ್ಲನ್ನು ಕೆಳಗೆ ಹಾಕಿ, ಬದು ದಾಟಿ ಬಂದು, ಮುಖ ಆ ಕಡೆ ತಿರುಗಿಸಿಕೊಂಡೇ ಹೊರೆಗೆ ಕೈ ಕೊಟ್ಟಳು. ಹೊರೆ ತಲೆಗೇರಿತು. ಒಂದು ಮಾತಿಲ್ಲ. ಅಕ್ಕ ಮನೆಯ ಕಡೆ ನಡೆದಳು, ಆಕೆ ತನ್ನ ಹುಲ್ಲಿನ ಕಡೆ ನಡೆದಳು.

ನಮ್ಮ ಕಡೆ ಇದೊಂದು ಕಟ್ಟಳೆ. ಯಾರೂ ಬರೆದಿಟ್ಟದ್ದಲ್ಲ. ಹೊರೆ ಎತ್ತಲು ಕರೆದರೆ ಹಗೆಯವಳಾದರೂ ಬಂದು ಕೈ ಹಾಕಬೇಕು. ಹೊತ್ತು ನಿಂತವಳಿಗೆ ಇಲ್ಲ ಎನ್ನುವ ಹಾಗಿಲ್ಲ. ಚಿಕ್ಕಂದಿನಿಂದ ಕಂಡದ್ದೇ, ನಾನೇ ಎಷ್ಟೋ ಸಲ ಕೈ ಹಾಕಿದ್ದೇನೆ. ಆದರೂ ಆ ಬೆಳಿಗ್ಗೆ ಅದನ್ನು ನೋಡಿ ಬದುವಿನಿಂದ ಎದ್ದು ನಿಂತುಬಿಟ್ಟೆ. ನನಗೆ ಬೇಕಾದದ್ದು ಭತ್ತ ಅಲ್ಲವೇ ಅಲ್ಲ ಎಂದು ಗೊತ್ತಾಯಿತು. ಬಚ್ಚಿಟ್ಟುಕೊಳ್ಳಲು ಜಾಗವೇ ಇಲ್ಲದ ಈ ಬೋಳು ಬಯಲಲ್ಲಿ ಇಬ್ಬರು ಹೆಂಗಸರು, ನಡುವೆ ಒಂದು ಹೊರೆ, ಅಷ್ಟು ಸಾಕು.

ನಟಿಯರನ್ನು ಕೂರಿಸಿಕೊಂಡು ಹೇಳಿದೆ. ಹಿರಿಯರು ಹೊರೆ ಕಟ್ಟಿ ಮಂಡಿಯ ತನಕ ತರುತ್ತಾರೆ, ಗಾಳಿಗೆ ಹೇಳಿದಂತೆ ಕರೆಯುತ್ತಾರೆ. ಕಿರಿಯಾಕೆ ಕೂಡಲೇ ಹೋಗಬಾರದು. ನಿಲ್ಲಬೇಕು. "ಮನಸ್ಸಲ್ಲಿ ಜಗಳ ಪೂರ್ತಿ ಒಂದು ಸಲ ಆಡಿ ಮುಗಿಸಿ, ಆಮೇಲೆ ಹೋಗಿ," ಎಂದೆ. ಹೊರೆಯ ಒಳಗೆ ಹಗುರವಾದದ್ದು ತುಂಬೋಣವೇ ಎಂದು ಭಾವ ಕೇಳಿದರು. ಹಿರಿಯ ನಟಿಯೇ ಬೇಡ ಎಂದರು. ನಾಟಕದಲ್ಲಿ ಖಾಲಿ ಕೊಡ ಹೊತ್ತು ಹೊತ್ತು ಸಾಕಾಗಿದೆ, ಇವತ್ತು ನಿಜವಾದ ಭಾರ ಕೊಡಿ ಎಂದರು. ಆ ಮಾತಿಗೆ ಅವರ ಕಾಲಿಗೆ ಬೀಳಬೇಕೆನ್ನಿಸಿತು.

ಅಷ್ಟರಲ್ಲಿ ನಿರ್ಮಾಪಕರ ಕಾರು ಬಂತು. ಇಳಿದವರು ಬಯಲನ್ನೊಮ್ಮೆ, ಮಂಚದಗಲದ ಭತ್ತವನ್ನೊಮ್ಮೆ, ನನ್ನನ್ನೊಮ್ಮೆ ನೋಡಿದರು. ಮಾನಿಟರಿನ ಪಕ್ಕ ಕುರ್ಚಿ ಎಳೆದುಕೊಂಡು ಕೂತರು. ಸುದ್ದಿ ಹರಡಿ ಊರೇ ಬದುವಿನ ಮೇಲೆ ನೆರೆದಿತ್ತು. ಅಕ್ಕ ಒಂದು ತುದಿಯಲ್ಲಿ, ವಾರಗಿತ್ತಿ ಇನ್ನೊಂದು ತುದಿಯಲ್ಲಿ. ಭಾವ ಟವೆಲ್ ಬೀಸುತ್ತಾ, "ಯಾರೂ ಕೆಮ್ಮಂಗಿಲ್ಲ," ಎಂದು ಎಲ್ಲರಿಗಿಂತ ಜೋರಾಗಿ ಕೂಗಿ ಮೊದಲ ಟೇಕನ್ನು ಹಾಳು ಮಾಡಿದರು.

ಎರಡನೆಯದಕ್ಕೆ ನಾನು "ಆಕ್ಷನ್" ಎಂದಾಗ ನನ್ನ ಧ್ವನಿ ನನಗೇ ಗುರುತು ಸಿಗಲಿಲ್ಲ.

ಹಿರಿಯ ನಟಿ ಹೊರೆ ಬಿಗಿದರು. ಮಂಡಿಯ ಮೇಲೆ ತಂದುಕೊಂಡರು. "ಯಾರಾರ ಒಸಿ ಕೈ ಆಕ್ರಪ್ಪಾ," ಎಂದರು, ಅಕ್ಕನ ಹಾಗೆಯೇ, ಆಕಾಶಕ್ಕೆ. ಕಿರಿಯಾಕೆ ನಾನು ಹೇಳಿಕೊಟ್ಟಂತೆ ನಿಂತಳು. ಚೆನ್ನಾಗಿಯೇ ನಿಂತಳು. ಹಿರಿಯರ ತೋಳು ನಡುಗತೊಡಗಿತು. ಕಿರಿಯಾಕೆ ಇನ್ನೂ ನಿಂತೇ ಇದ್ದಳು. ನೆರೆದ ಹೆಂಗಸರಲ್ಲಿ ಗುಜುಗುಜು ಎದ್ದಿತು. ಮಾನಿಟರಿನ ಮೂಲೆಯಲ್ಲಿ ಏನೋ ಕದಲಿತು. ನೋಡುತ್ತೇನೆ, ಬದುವಿನ ತುದಿಯಿಂದ ಅಕ್ಕನ ವಾರಗಿತ್ತಿ ಸೆರಗು ಸೊಂಟಕ್ಕೆ ಸಿಕ್ಕಿಸಿಕೊಂಡು ದಾಪುಗಾಲು ಹಾಕುತ್ತಾ ಫ್ರೇಮಿನೊಳಗೆ ಬಂದೇಬಿಟ್ಟಳು.

"ಯಾವೂರ್ ಎಣ್ಣವ್ವಾ ನೀನು? ಕಣ್ಣು ಕಾಣಕಿಲ್ವಾ? ವಯಸ್ಸಾದೋಳು ಒರೆ ಇಟ್ಕಂಡು ಒದ್ದಾಡ್ತಾವಳೆ, ಕಂಬ ನಿಂತಂಗೆ ನಿಂತಿದ್ದೀಯಲ್ಲ!"

ಹೇಳುತ್ತಲೇ ಹೊರೆಗೆ ಕೈ ಹಾಕಿ, ಒಂದೇ ಉಸಿರಿಗೆ ಎತ್ತಿ ಹಿರಿಯ ನಟಿಯ ತಲೆಯ ಮೇಲೆ ಇಟ್ಟಳು.

ನನ್ನ ಬಾಯಿ ಆಗಲೇ ತೆರೆದಿತ್ತು. ಅಷ್ಟು ವರ್ಷ ನನ್ನ ದೊಡ್ಡ ಕೆಲಸವೇ ಫ್ರೇಮಿನೊಳಗೆ ಬಂದವರನ್ನು ಗದರಿಸಿ ಆಚೆ ಅಟ್ಟುವುದು. "ಸೈಡಿಗೆ ಬನ್ನಿ" ಎಂಬ ಮಾತು ನನ್ನ ನಾಲಗೆಯಲ್ಲಿ ಸದಾ ಸಿದ್ಧವಾಗಿರುತ್ತದೆ. ಭಾವ ಓಡಲು ಕಾಲೆತ್ತಿದ್ದರು. ಕ್ಯಾಮೆರಾಮನ್ ವ್ಯೂಫೈಂಡರಿನಿಂದ ಕಣ್ಣು ತೆಗೆಯದೆ, ನಿಲ್ಲಿಸಲೇ ಎಂದು ಕೈಬೆರಳಿನಲ್ಲಿ ಕೇಳಿದ. ನಾನು ಒಂದು ಕೈಯಲ್ಲಿ ಭಾವನ ಟವೆಲ್ ಹಿಡಿದುಕೊಂಡೆ, ಇನ್ನೊಂದು ಕೈಯಲ್ಲಿ ಬೇಡ ಎಂದೆ.

ಹಿರಿಯ ನಟಿ ಬಹಳ ದೊಡ್ಡ ಕಲಾವಿದೆ. ಏನೂ ಆಗೇ ಇಲ್ಲವೆಂಬಂತೆ ಹೊರೆ ಹೊತ್ತು ಬದುವಿನ ಕಡೆ ನಡೆದುಬಿಟ್ಟರು. ಕಿರಿಯಾಕೆಗೆ ಮಾತ್ರ ಈಗ ಏನು ಮಾಡಬೇಕೋ ತಿಳಿಯಲಿಲ್ಲ. ನಿಜವಾಗಿ ಬೈಸಿಕೊಂಡಿದ್ದಳು, ನಿಜವಾಗಿ ನಾಚಿದ್ದಳು. ತನ್ನ ಖಾಲಿ ಕೈಗಳನ್ನೇ ನೋಡಿಕೊಳ್ಳುತ್ತಾ ನಿಂತಳು. ವಾರಗಿತ್ತಿ ಅವಳ ಕಡೆ ತಿರುಗಿ, ಇನ್ನೂ ಕೋಪ ಇಳಿಯದೆ, "ಜಗ್ಳ ಮನೇಲಿ ಮಡಿಕ್ಕೊ. ಒರೆ ತಾವ ಮಡಿಕ್ಕೋಬ್ಯಾಡ," ಅಂದಳು.

ಅಂದವಳು ಅಲ್ಲೇ ನಿಂತಳು. ತಾನು ಯಾರಿಗೆ ಏನು ಹೇಳಿದೆ ಎಂಬುದು ಅವಳಿಗೇ ಕೇಳಿಸಿತು ಅನ್ನಿಸುತ್ತದೆ. ಕಣ್ಣು ತಾನಾಗಿ ಬದುವಿನ ಆ ತುದಿಗೆ, ಅಕ್ಕನ ಕಡೆ ಹೋಯಿತು. ಅಲ್ಲಿಂದ ಕೆಳಗಿಳಿಯಿತು.

ಆಗ ನಾನು "ಕಟ್" ಎಂದೆ.

ನಿರ್ಮಾಪಕರು ಕನ್ನಡಕ ತೆಗೆದು ಒರೆಸಿಕೊಂಡರು.

"ಆ ಹೆಂಗಸು ಯಾವ ನಾಟಕ ಕಂಪನಿ?"

"ನಮ್ಮಕ್ಕನ ವಾರಗಿತ್ತಿ ಸರ್."

"ಸ್ಕ್ರಿಪ್ಟಲ್ಲಿ ಇದ್ರಾ?"

"ಇಲ್ಲ ಸರ್."

"ಮತ್ತೆ ಬಂದ ಕೂಡ್ಲೇ ಕಟ್ ಯಾಕೆ ಹೇಳಲಿಲ್ಲ?"

ಸುಳ್ಳು ಹೇಳಲು ಏನೂ ಹೊಳೆಯಲಿಲ್ಲ. "ಆಮೇಲೆ ಏನಾಗತ್ತೋ ನೋಡಬೇಕು ಅನ್ನಿಸ್ತು ಸರ್," ಎಂದೆ.

ಅವರು ಕುರ್ಚಿಯಿಂದ ಎದ್ದು ಪಂಚೆ ಕೊಡವಿಕೊಂಡರು. "ಸರಿ ಹಾಗಾದ್ರೆ. ನನ್ನ ಮುಂದಿನ ಸಿನಿಮಾಕ್ಕೆ ಒಬ್ಬ ಒಳ್ಳೆ ಮ್ಯಾನೇಜರನ್ನ ಹುಡುಕಿಕೊಡು. ನಿನಗೆ ಇನ್ನು ಪುರುಸೊತ್ತು ಆಗಲ್ಲ." ಇಷ್ಟು ನೇರವಾಗಿ ಅವರು ಮಾತಾಡಿದ್ದನ್ನು ನಾನು ಅದುವರೆಗೆ ಕೇಳಿರಲಿಲ್ಲ. ಅರ್ಥವಾಗಲು ಒಂದು ಗಳಿಗೆ ಹಿಡಿಯಿತು. ಭಾವ ಮಾತ್ರ ಥಟ್ಟನೆ ಅರ್ಥ ಮಾಡಿಕೊಂಡು, ಆ ಮ್ಯಾನೇಜರ್ ಕೆಲಸ ತಮಗೇ ಇರಲಿ ಎಂದು ನಿರ್ಮಾಪಕರ ಹಿಂದೆ ಕಾರಿನ ತನಕ ಹೋದರು.

ನಾನು ಕೂಳೆ ತುಳಿದುಕೊಂಡು ವಾರಗಿತ್ತಿಯ ಹತ್ತಿರ ಓಡಿದೆ. ಆಕೆ ಬಯಲ ನಡುವೆ ಒಬ್ಬಳೇ ನಿಂತು ನನ್ನನ್ನು ಕಂಡು ಹೆದರಿದಳು. "ತೆಪ್ಪಾಯ್ತು ಕಣಮ್ಮಿ, ನಿನ್ ಸಿನ್ಮಾ ಕೆಡುಸ್‌ಬುಟ್ಟೆ," ಎಂದಳು. ಕೆಡಿಸಲಿಲ್ಲ, ಸಿನಿಮಾ ಸಿಕ್ಕಿತು, ಅದರಲ್ಲಿ ನೀವೂ ಇರಬೇಕು ಎಂದೆ. ಕ್ಯಾಮೆರಾ ಮುಂದೆಯಾ ಎಂದಳು. ಹೌದು ಎಂದೆ. ಆಕೆ ಸೆರಗಿನಿಂದ ಮುಖ ಒರೆಸಿಕೊಂಡಳು.

"ನಿಮ್ಮಕ್ಕ ಬಂದ್ರೆ ಬತ್ತೀನಿ ಅಂತ ಏಳು," ಅಂದಳು.

ನಾನು ಹೋಗಿ ಹೇಳುವ ಅಗತ್ಯ ಬೀಳಲಿಲ್ಲ. ಅಕ್ಕ ಆಗಲೇ ಹಿಂದೆ ಬಂದು ನಿಂತಿದ್ದಳು. ಎಮ್ಮೆಗಳು ಮನೆಯಲ್ಲಿದ್ದವು, ನಡುವೆ ನಾನೊಬ್ಬಳಿದ್ದೆ. ಅಕ್ಕ ನನ್ನನ್ನು ತೋಳಿನಿಂದ ಪಕ್ಕಕ್ಕೆ ಸರಿಸಿ, ವಾರಗಿತ್ತಿಯ ಮುಖಕ್ಕೇ ಕೇಳಿದಳು.

"ನಾನ್ಯಾಕೆ ಬರಲ್ಲ ಅಂತೀನಿ? ನೀನು ಒಂದ್ಸಲನಾರ ಕರುದ್ಯಾ?"

ಆಕೆ ಈ ಸಲ ಮುಖ ತಿರುಗಿಸಿಕೊಳ್ಳಲಿಲ್ಲ. "ಬಾ ಅಕ್ಕ," ಅಂದಳು.

ನನ್ನನ್ನು ಆ ದಿನ ಯಾರಾದರೂ ಡೈರೆಕ್ಟರ್ ಎಂದು ಕರೆದರೋ ಇಲ್ಲವೋ ಗೊತ್ತಿಲ್ಲ. ಕರೆದಿದ್ದರೂ ಕೇಳಿಸುತ್ತಿರಲಿಲ್ಲ, ಅವರಿಬ್ಬರಿಗಿಂತ ಜೋರಾಗಿ ನಾನೇ ಅಳುತ್ತಿದ್ದೆ.